ಎತ್ತರದ ನಾಡು ಇಥಿಯೋಪಿಯ

ಶ್ರೋತೃಗಳೆ,

ಶಾಲೆಯ ಗೋಡೆಗೆ ತೂಗುಹಾಕುವ ಪ್ರಾಕೃತಿಕ ಭೂಪಟಗಳಲ್ಲಿ ತಗ್ಗುನೆಲಕ್ಕೆ ಹಸಿರನ್ನೂ ಎತ್ತರದ ನೆಲಕ್ಕೆ ಕಂದುಬಣ್ಣವನ್ನೂ ಬಳಿದಿರುತ್ತಾರೆ. ಆಫ್ರಿಕ ಖಂಡದ ಅಂಥದೊಂದು ಭೂಪಟವನ್ನು ನೋಡಿದರೆ, ಪೂರ್ವದಲ್ಲಿ ಕೊಂಬಿನಂತೆ ಸಮುದ್ರಕ್ಕೆ ಚಾಚಿಕೊಂಡ ಭಾಗದ ಹಿಂದೆ ಗಾಢ ಕಂದುಬಣ್ಣದ ದೊಡ್ಡ ಮಚ್ಚೆಯೊಂದು ಕಣ್ಣಿಗೆ ಬೀಳುತ್ತದೆ. ಅದು ಇಥಿಯೋಪಿಯದ ಪ್ರಸ್ಥಭೂಮಿ. ಇಷ್ಟು ಎತ್ತರದ ನೆಲ ಇಷ್ಟು ವಿಸ್ತಾರವಾಗಿ ಆ ಖಂಡದಲ್ಲಿ ಬೇರೆಲ್ಲೂ ಇಲ್ಲ. ಈ ದೇಶದ ಚರಿತ್ರೆಯನ್ನು ರಾಜರ ಪಟ್ಟಿಯಿಂದ ಆರಂಭಿಸುವುದಕ್ಕಿಂತ ಈ ಕಂದುಬಣ್ಣದಿಂದ ಆರಂಭಿಸುವುದು ಮೇಲು ಎಂಬುದು ನನ್ನ ಎಣಿಕೆ.

ಸುಮಾರು 3 ಕೋಟಿ ವರ್ಷಗಳ ಹಿಂದೆ ಭೂಗರ್ಭದಿಂದ ಮತ್ತೆ ಮತ್ತೆ ಉಕ್ಕಿಬಂದ ಲಾವಾ ಪದರಪದರವಾಗಿ ಹೆಪ್ಪುಗಟ್ಟಿದ್ದರಿಂದ ಈ ನೆಲದ ಬಹುಭಾಗ ರೂಪುಗೊಂಡಿತು. ವಿಜಯಪುರ, ಕಲಬುರಗಿ, ಬೀದರ ಕಡೆಯ ಎರೆನೆಲದ ಅಡಿಯಲ್ಲಿರುವ ಕರಿಕಲ್ಲೂ ಇದೇ ಬಗೆಯದು. ವಯಸ್ಸಿನಲ್ಲಿ ಮಾತ್ರ ನಮ್ಮದು ಹಿರಿದು. ನೆಲ ಮೇಲೆದ್ದುದಷ್ಟೇ ಅಲ್ಲ, ನಡುವೆ ಸೀಳಿತು ಕೂಡ. ಪೂರ್ವ ಆಫ್ರಿಕದ ಮಹಾ ಸೀಳು ಕಣಿವೆ ಇಥಿಯೋಪಿಯವನ್ನು ಈಶಾನ್ಯದಿಂದ ನೈಋತ್ಯದವರೆಗೆ ಇಬ್ಭಾಗ ಮಾಡಿದೆ. ಹೀಗಾಗಿ ಉತ್ತರದ ರಾಸ್ ದಶೆನ್ ಶಿಖರ 4,500 ಮೀಟರಿಗೂ ಎತ್ತರದಲ್ಲಿದ್ದರೆ, ಅದೇ ದೇಶದ ದನಾಕಿಲ್ ತಗ್ಗು ಸಮುದ್ರಮಟ್ಟಕ್ಕಿಂತ 100 ಮೀಟರಿಗೂ ಕೆಳಗಿದೆ. ಆ ಉರಿಬಿಸಿಲಿನ ತಗ್ಗಿನಲ್ಲಿ ಕಡಿದು ತೆಗೆದ ಉಪ್ಪಿನ ಹಲಗೆಗಳನ್ನು ಒಂಟೆಗಳ ಮೇಲೆ ಹೇರಿಕೊಂಡು ಮೇಲಿನ ಊರುಗಳಿಗೆ ಸಾಗಿಸುವ ವ್ಯಾಪಾರ ಬಹಳ ಪ್ರಾಚೀನವಾದುದು. ‘ಅಮೋಲೆ’ ಎಂಬ ಹೆಸರಿನ ಆ ಉಪ್ಪಿನ ಗಟ್ಟಿಗಳು ಶತಮಾನಗಳ ಕಾಲ ನಾಣ್ಯಗಳಂತೆಯೇ ಚಲಾವಣೆಯಲ್ಲಿದ್ದವು. ಮೇಲೆ ಹೋದಷ್ಟೂ ಈ ಹಣದ ಬೆಲೆ ಏರುತ್ತಿತ್ತು ಎಂದರೆ ಆಶ್ಚರ್ಯವಿಲ್ಲ. ದಾರಿಯ ಕಷ್ಟವೂ ಅದರಲ್ಲಿ ಸೇರಿತ್ತಲ್ಲ!

ಅಲ್ಲಿನ ರೈತರು ತಮ್ಮ ನೆಲವನ್ನು ಎತ್ತರದಿಂದಲೇ ವಿಂಗಡಿಸುತ್ತಾರೆ. ಬಿಸಿಯಾದ ತಗ್ಗುನೆಲ ‘ಕೊಲ್ಲ’, ಹದವಾದ ನಡುನೆಲ ‘ವೊಯ್ನ ದೆಗ’, ತಂಪಾದ ಮೇಲಿನೆಲ ‘ದೆಗ’. ತಗ್ಗಿನಲ್ಲಿ ಜೋಳ, ನಡುವೆ ತೆಫ್ ಎಂಬ ಅತಿ ಸಣ್ಣ ಧಾನ್ಯ, ಮೇಲೆ ಬಾರ್ಲಿ. ತೆಫ್ ಹಿಟ್ಟನ್ನು ಕೆಲವು ದಿನ ಹುಳಿ ಬರಿಸಿ ಅಗಲವಾದ ಕಾವಲಿಯ ಮೇಲೆ ಹುಯ್ದು ಬೇಯಿಸುವ ಇಂಜೆರ ಅವರ ನಿತ್ಯದ ಊಟ. ಅದನ್ನು ದೋಸೆಯೆಂದು ಕರೆದರೆ ತಪ್ಪಾಗುತ್ತದೆ, ಆದರೆ ಅದನ್ನು ಮಾಡುವ ಕ್ರಮ ನಮ್ಮ ಅಡುಗೆಮನೆಗೆ ಅಪರಿಚಿತವೇನಲ್ಲ. ‘ದಗುಸ’ ಎಂದು ಅಮ್ಹಾರಿಕ್ ಭಾಷೆಯಲ್ಲಿ ಕರೆಸಿಕೊಳ್ಳುವ ಧಾನ್ಯವಂತೂ ನಮ್ಮ ರಾಗಿಯೇ. ರಾಗಿಯನ್ನು ಮನುಷ್ಯ ಮೊದಲು ಕೃಷಿಗೆ ಒಗ್ಗಿಸಿಕೊಂಡದ್ದು ಪೂರ್ವ ಆಫ್ರಿಕದ ಈ ಎತ್ತರದ ನೆಲಗಳಲ್ಲಿ. ನಮ್ಮ ಮುದ್ದೆಯ ಮೂಲ ಅಲ್ಲಿದೆ. ಬಾಬಾ ಬುಡನ್ ಅವರು ಯೆಮೆನ್ ದೇಶದಿಂದ ಚಿಕ್ಕಮಗಳೂರಿನ ಗಿರಿಗೆ ತಂದರೆಂದು ಹೇಳುವ ಕಾಫಿಯ ತವರೂ ಯೆಮೆನ್ ಅಲ್ಲ, ಕೆಂಪು ಸಮುದ್ರದ ಆಚೆಗಿರುವ ಇಥಿಯೋಪಿಯದ ನೈಋತ್ಯದ ಮಳೆಕಾಡು.

ಎತ್ತರದ ಈ ಜನ ಸಮುದ್ರವನ್ನು ಗಟ್ಟಿಯಾಗಿ ಹಿಡಿದುಕೊಂಡಿದ್ದ ಕಾಲವೂ ಒಂದಿತ್ತು. ಕ್ರಿಸ್ತಶಕದ ಮೊದಲ ಏಳು ಶತಮಾನಗಳಲ್ಲಿ ಉತ್ತರದ ಅಕ್ಸುಮ್ ನಗರದಿಂದ ಆಳಿದ ದೊರೆಗಳಿಗೆ ಕೆಂಪು ಸಮುದ್ರದ ದಡದಲ್ಲಿ ಅಡುಲಿಸ್ ಎಂಬ ಬಂದರಿತ್ತು. ಆನೆಯ ದಂತ ಅಲ್ಲಿಂದ ಹೊರಡುತ್ತಿತ್ತು, ರೋಮ್ ಮತ್ತು ಭಾರತದ ಸರಕು ಅಲ್ಲಿ ಇಳಿಯುತ್ತಿತ್ತು. ಹಗ್ಗ ಹಿಡಿದೇ ಹತ್ತಬೇಕಾದ ದೆಬ್ರೆ ದಾಮೊ ಬೆಟ್ಟದ ಮಠದಲ್ಲಿ ನಮ್ಮ ಕುಷಾಣ ದೊರೆಗಳ ನೂರಕ್ಕೂ ಹೆಚ್ಚು ಚಿನ್ನದ ನಾಣ್ಯಗಳು ದೊರೆತದ್ದು ಈ ವ್ಯಾಪಾರದ ಸಾಕ್ಷಿ. ಅಕ್ಸುಮ್ ಕೂಡ ಸ್ವಂತ ಚಿನ್ನದ ನಾಣ್ಯವನ್ನು ಟಂಕಿಸಿತು. ನಾಲ್ಕನೆಯ ಶತಮಾನದಲ್ಲಿ ದೊರೆ ಎಜಾನ ಕ್ರೈಸ್ತನಾದುದನ್ನು ತಿಳಿಯಲು ಅವನ ನಾಣ್ಯಗಳನ್ನು ನೋಡಿದರೆ ಸಾಕು: ಮೊದಲಿನವುಗಳಲ್ಲಿ ಅರ್ಧಚಂದ್ರ ಮತ್ತು ಬಿಂಬ, ಆಮೇಲಿನವುಗಳಲ್ಲಿ ಶಿಲುಬೆ. ಅವನ ಕಾಲದಲ್ಲೇ ಅಲ್ಲಿನ ಪ್ರಾಚೀನ ಗೀಜ್ ಭಾಷೆಯ ಲಿಪಿಯ ವ್ಯಂಜನಗಳಿಗೆ ಸ್ವರಚಿಹ್ನೆಗಳು ಸೇರಿದವು. ಒಂದೊಂದು ವ್ಯಂಜನಕ್ಕೆ ಏಳೇಳು ರೂಪ. ಕಾಗುಣಿತ ಬಾಯಿಪಾಠ ಮಾಡಿದ ಕನ್ನಡಿಗರಿಗೆ ಆ ಕೋಷ್ಟಕವನ್ನು ಕಂಡಾಗ ಪರಿಚಯದ ಮುಖ ಕಂಡಂತಾಗುತ್ತದೆ.

ಏಳನೆಯ ಶತಮಾನದ ನಂತರ ಕೆಂಪು ಸಮುದ್ರದ ವ್ಯಾಪಾರ ಅರಬರ ಕೈಗೆ ಹೋಯಿತು. ರಾಜ್ಯ ಮೆಲ್ಲಗೆ ದಕ್ಷಿಣದ ಬೆಟ್ಟಗಳೊಳಕ್ಕೆ ಸರಿಯಿತು. 1200ರ ಆಸುಪಾಸಿನಲ್ಲಿ ಲಾಲಿಬೆಲದಲ್ಲಿ ಬಂಡೆಯನ್ನು ಮೇಲಿನಿಂದ ಕೆಳಕ್ಕೆ ಕೊರೆದು ನಿರ್ಮಿಸಿದ ಹನ್ನೊಂದು ಇಗರ್ಜಿಗಳು ಈ ಒಳನಾಡಿನ ಕಾಲದ ಸಾಧನೆ. ಮಳಖೇಡದ ರಾಷ್ಟ್ರಕೂಟರು ಎಲ್ಲೋರದ ಕೈಲಾಸ ದೇವಾಲಯವನ್ನು ಇದೇ ವಿಧಾನದಲ್ಲಿ ಅದಕ್ಕಿಂತ ನಾಲ್ಕು ಶತಮಾನ ಮೊದಲು ಕೊರೆಸಿದ್ದರು. ಎರಡಕ್ಕೂ ನೇರ ಸಂಬಂಧವಿತ್ತೆಂದು ಹೇಳಲು ಆಧಾರವಿಲ್ಲ. ಎರಡೂ ಕಡೆ ಕಲ್ಲು ಮಾತ್ರ ಲಾವಾದಿಂದ ಹುಟ್ಟಿದ್ದು.

ಬೆಟ್ಟ ದೊರೆಗಳನ್ನು ಕಾಪಾಡಿತು ಎಂದಷ್ಟೇ ಹೇಳಿ ನಿಲ್ಲಿಸಿದರೆ ಅರ್ಧ ಸತ್ಯವಾಗುತ್ತದೆ. ಗಡಿಪ್ರದೇಶಗಳ ಜನರನ್ನು ಸೆರೆಹಿಡಿದು ಕೆಂಪು ಸಮುದ್ರದ ಬಂದರುಗಳಲ್ಲಿ ಮಾರುವ ದಂಧೆ ಶತಮಾನಗಳ ಕಾಲ ನಡೆಯಿತು. ಹಾಗೆ ಮಾರಾಟವಾಗಿ ದಖ್ಖನಿಗೆ ಬಂದು ಅಹಮದನಗರದ ಸಾರಥ್ಯ ವಹಿಸಿದವನು ಮಲಿಕ್ ಅಂಬರ್. ವಿಜಯಪುರದ ಆದಿಲಶಾಹಿ ಆಸ್ಥಾನದಲ್ಲಿಯೂ ಇಖ್ಲಾಸ್ ಖಾನ್‌ನಂಥ ಹಬಶಿ, ಎಂದರೆ ಇಥಿಯೋಪಿಯ ಕಡೆಯ, ಸರದಾರರು ಆಡಳಿತದ ಸೂತ್ರ ಹಿಡಿದಿದ್ದರು. ಯಲ್ಲಾಪುರ, ಹಳಿಯಾಳದ ಕಾಡಂಚಿನಲ್ಲಿ ಬಾಳುತ್ತಿರುವ ಸಿದ್ದಿ ಸಮುದಾಯದ ಪೂರ್ವಜರು ಆಫ್ರಿಕದ ಪೂರ್ವ ಕರಾವಳಿಯ ಬೇರೆ ಬೇರೆ ಭಾಗಗಳಿಂದ ಬಂದವರು. ಸರದಾರನಾಗಿ ಹೆಸರು ಉಳಿಸಿಕೊಂಡವನು ಒಬ್ಬನಾದರೆ ಹೆಸರಿಲ್ಲದೆ ಹೋದವರು ಸಾವಿರಾರು ಮಂದಿ.

ಇನ್ನು ಆಫ್ರಿಕವನ್ನು ಯೂರೋಪಿನ ರಾಷ್ಟ್ರಗಳು ಹಂಚಿಕೊಳ್ಳತೊಡಗಿದ ಕಾಲಕ್ಕೆ ಬರೋಣ. 1889ರಲ್ಲಿ ಚಕ್ರವರ್ತಿ ಎರಡನೆಯ ಮೆನೆಲಿಕ್ ಇಟಲಿಯೊಂದಿಗೆ ವುಚಾಲೆ ಎಂಬಲ್ಲಿ ಒಪ್ಪಂದಕ್ಕೆ ಸಹಿ ಹಾಕಿದನು. ಅದರ 17ನೆಯ ವಿಧಿಯ ಅಮ್ಹಾರಿಕ್ ಪಾಠದ ಪ್ರಕಾರ, ಇತರ ದೇಶಗಳೊಂದಿಗೆ ವ್ಯವಹರಿಸುವಾಗ ಇಥಿಯೋಪಿಯ ಇಟಲಿಯ ನೆರವನ್ನು ಪಡೆಯಬಹುದಾಗಿತ್ತು. ಇಟಾಲಿಯನ್ ಪಾಠದ ಪ್ರಕಾರ ಪಡೆಯಲೇಬೇಕಾಗಿತ್ತು. ಒಂದು ಕ್ರಿಯಾಪದದ ವ್ಯತ್ಯಾಸದ ಮೇಲೆ ಇಟಲಿಯು ಇಡೀ ದೇಶವೇ ತನ್ನ ರಕ್ಷಣೆಗೆ ಒಳಪಟ್ಟಿತೆಂದು ಸಾರಿತು. ಮೆನೆಲಿಕ್ 1893ರಲ್ಲಿ ಒಪ್ಪಂದವನ್ನು ಧಿಕ್ಕರಿಸಿದನು, ಅಷ್ಟರಲ್ಲಿ ಸಾಕಷ್ಟು ಬಂದೂಕುಗಳನ್ನೂ ಕೂಡಿಹಾಕಿಕೊಂಡಿದ್ದನು.

1896ರ ಜನವರಿಯಲ್ಲಿ ಮೆಕೆಲೆಯ ಕೋಟೆಯಲ್ಲಿ ಇಟಾಲಿಯನ್ ಪಡೆ ಬೀಡುಬಿಟ್ಟಿದ್ದಾಗ, ಅವರ ನೀರಿನ ಒರತೆಯನ್ನು ವಶಪಡಿಸಿಕೊಂಡರೆ ಕೋಟೆ ತಾನಾಗಿ ಬೀಳುತ್ತದೆಂದು ಯೋಚಿಸಿ ಹಾಗೆಯೇ ಮಾಡಿಸಿದವಳು ರಾಣಿ ತೈತು. ನಿರ್ಣಾಯಕ ಯುದ್ಧ ನಡೆದದ್ದು ಮಾರ್ಚ್ 1ರಂದು, ಅಡ್ವ ಎಂಬ ಊರಿನ ಬಳಿ. ಜನರಲ್ ಬರಾತಿಯೆರಿಯ ಸುಮಾರು 17 ಸಾವಿರ ಸೈನಿಕರು ರಾತ್ರಿಯಲ್ಲಿ ಹಲವು ಸಾಲುಗಳಾಗಿ ಕಣಿವೆಗಳ ಮೂಲಕ ಮುನ್ನಡೆದರು. ಅವರ ಕೈಯಲ್ಲಿದ್ದ ನಕ್ಷೆ ಕೆಟ್ಟದಾಗಿತ್ತು. ಕಿದಾನೆ ಮೆರೆತ್ ಎಂಬ ಗುಡ್ಡ ಯಾವುದೆಂಬ ಗೊಂದಲದಲ್ಲಿ ಒಂದು ದಳ ಉಳಿದವರಿಂದ ಬಹಳ ಮುಂದಕ್ಕೆ ಹೋಗಿ ಒಂಟಿಯಾಯಿತು, ಬೆಳಗಾಗುವ ಹೊತ್ತಿಗೆ ಮೆನೆಲಿಕ್‌ನ ಒಂದು ಲಕ್ಷದಷ್ಟಿದ್ದ ಸೇನೆ ಅದರ ಮೇಲೆ ಬಿದ್ದಿತು, ಆಮೇಲೆ ಗುಡ್ಡಗಳ ನಡುವೆ ಒಬ್ಬರಿಗೊಬ್ಬರು ಕಾಣದೆ ಉಳಿದ ದಳಗಳೂ ಒಂದೊಂದಾಗಿ ಸೋತವು. ಮಧ್ಯಾಹ್ನದ ವೇಳೆಗೆ ಎಲ್ಲವೂ ಮುಗಿದಿತ್ತು. ಕೆಲವೇ ದಿನಗಳಲ್ಲಿ ರೋಮ್ ನಗರದಲ್ಲಿ ಪ್ರಧಾನಿ ಕ್ರಿಸ್ಪಿ ಅಧಿಕಾರ ಬಿಟ್ಟರು. ಅದೇ ವರ್ಷ ಅಕ್ಟೋಬರಿನಲ್ಲಿ ಇಟಲಿ ಇಥಿಯೋಪಿಯದ ಸ್ವಾತಂತ್ರ್ಯವನ್ನು ಒಪ್ಪಿಕೊಂಡಿತು. ಆದರೆ ಕರಾವಳಿಯ ಎರಿಟ್ರಿಯ ಇಟಲಿಯ ಕೈಯಲ್ಲೇ ಉಳಿಯಿತು. ಗೆಲುವಿನ ಅಬ್ಬರದಲ್ಲಿ ಈ ಸಂಗತಿಯನ್ನು ಹಲವರು ಮರೆಯುತ್ತಾರೆ.

ನಲವತ್ತು ವರ್ಷಗಳ ಬಳಿಕ ಎತ್ತರ ರಕ್ಷಿಸಲಿಲ್ಲ. 1935ರಲ್ಲಿ ಮತ್ತೆ ದಂಡೆತ್ತಿ ಬಂದ ಇಟಲಿಯ ಬಳಿ ವಿಮಾನಗಳಿದ್ದವು. ಅವು ಬೆಟ್ಟಗಳ ಮೇಲಿನಿಂದ ಹಾರಿ ವಿಷಾನಿಲವನ್ನು ಸುರಿದವು. 1936ರ ಜೂನ್ 30ರಂದು ಚಕ್ರವರ್ತಿ ಹೈಲೆ ಸೆಲಾಸಿ ಜಿನೀವಾದಲ್ಲಿ ರಾಷ್ಟ್ರಸಂಘದ ಮುಂದೆ ನಿಂತು ಮೊರೆಯಿಟ್ಟರೂ ಫಲವಾಗಲಿಲ್ಲ. 1941ರಲ್ಲಿ ಬ್ರಿಟಿಷ್ ಪಡೆಗಳ ನೆರವಿನಿಂದ ಅವರು ಹಿಂದಿರುಗಿದರು. ಎರಿಟ್ರಿಯದ ಕೆರೆನ್ ಕಣಿವೆಯನ್ನು ಹತ್ತಿ ಇಟಲಿಯನ್ನು ಸೋಲಿಸಿದ ಪಡೆಯಲ್ಲಿ ಭಾರತೀಯ ಸೈನಿಕರ ಪಾಲು ದೊಡ್ಡದು.

ಮಹಾಯುದ್ಧದ ಬಳಿಕ ಇಥಿಯೋಪಿಯದೊಂದಿಗೆ ಕೂಡಿಸಲಾಗಿದ್ದ ಎರಿಟ್ರಿಯ ಮೂವತ್ತು ವರ್ಷಗಳ ಹೋರಾಟದ ನಂತರ 1993ರಲ್ಲಿ ಸ್ವತಂತ್ರವಾಯಿತು, ಇಥಿಯೋಪಿಯಕ್ಕೆ ಒಂದು ಗೇಣು ಕಡಲತೀರವೂ ಉಳಿಯಲಿಲ್ಲ. ಹತ್ತು ಕೋಟಿಗೂ ಹೆಚ್ಚು ಜನರಿರುವ ಅದು ಕರಾವಳಿಯಿಲ್ಲದ ದೇಶಗಳಲ್ಲೆಲ್ಲ ಅತಿ ಹೆಚ್ಚು ಜನಸಂಖ್ಯೆಯ ನಾಡು. ಅದೇ ಎತ್ತರ ಈಜಿಪ್ಟಿಗೆ ನೀರೊದಗಿಸುತ್ತದೆ: ಈಜಿಪ್ಟನ್ನು ತಲುಪುವ ನೈಲ್ ನೀರಿನಲ್ಲಿ ಶೇಕಡ 85ರಷ್ಟು, ಜೂನ್‌ನಿಂದ ಸೆಪ್ಟೆಂಬರ್‌ವರೆಗೆ ಈ ಬೆಟ್ಟಗಳ ಮೇಲೆ ಸುರಿಯುವ ಮಳೆಯಿಂದ ಬರುವಂಥದು. ಟಾನ ಸರೋವರದಿಂದ ಹೊರಡುವ ನೀಲಿ ನೈಲ್ ನದಿಗೆ ಸುಡಾನ್ ಗಡಿಯ ಹತ್ತಿರ 2011ರಲ್ಲಿ ಕಟ್ಟತೊಡಗಿದ ಭಾರಿ ಅಣೆಕಟ್ಟು 2025ರ ಸೆಪ್ಟೆಂಬರಿನಲ್ಲಿ ಉದ್ಘಾಟನೆಗೊಂಡಿತು. ಕೆಳಗಿನ ದೇಶಗಳ ಆತಂಕ ಎಂಥದೆಂಬುದನ್ನು ಕಾವೇರಿಯ ವಿವಾದ ಕಂಡ ನಮಗೆ ಬಿಡಿಸಿ ಹೇಳಬೇಕಿಲ್ಲ. ಮೇಲಿನವರ ವಾದವೂ ನಮಗೆ ಗೊತ್ತು.

ಸಮುದ್ರದ ದಾರಿ ಈಗ ಪಕ್ಕದ ಪುಟ್ಟ ದೇಶ ಜಿಬೂಟಿಯ ಮೂಲಕ ಹಾದುಹೋಗುತ್ತದೆ. 2,300 ಮೀಟರಿಗೂ ಎತ್ತರದ ರಾಜಧಾನಿ ಅಡಿಸ್ ಅಬಾಬದಿಂದ ಆ ಬಂದರಿನವರೆಗೆ ಸುಮಾರು 750 ಕಿಲೋಮೀಟರ್ ಉದ್ದದ ವಿದ್ಯುತ್ ರೈಲುಮಾರ್ಗ 2016ರಲ್ಲಿ ಉದ್ಘಾಟನೆಯಾಯಿತು. ಒಂಟೆಗಳು ಉಪ್ಪು ಹೊತ್ತು ಹತ್ತುತ್ತಿದ್ದ ದನಾಕಿಲ್ ತಗ್ಗನ್ನು ಒಳಗೊಂಡ ಅಫಾರ್ ಸೀಮೆಯ ಅಂಚಿನಲ್ಲಿ ಕಾಫಿಯ ಮೂಟೆಗಳು ಕಡಲಿಗೆ ಇಳಿಯುತ್ತವೆ, ರಸಗೊಬ್ಬರ ಮೇಲಕ್ಕೆ ಹತ್ತುತ್ತದೆ.