ನಮ್ಮೂರಿಗೇ ಟಿಕೆಟ್ ತೆಗೆದ ದಿನ

ಕೇಳುಗರೆಲ್ಲರಿಗೂ ನಮಸ್ಕಾರ.

ಕೋಲಾರದಲ್ಲಿ ಮೂವತ್ತು ವರ್ಷ ಸಮಾಜ ವಿಜ್ಞಾನದ ಮೇಷ್ಟರಾಗಿದ್ದವನು ನಾನು. ಕಳೆದ ಚಳಿಗಾಲದ ಒಂದು ಭಾನುವಾರ ಬೆಳಗಿನ ಜಾವ ನಾಲ್ಕು ಗಂಟೆಗೆ ಎದ್ದು, ಮಫ್ಲರ್ ಸುತ್ತಿಕೊಂಡು, ಕೋಲಾರದಿಂದ ಬೆಂಗಳೂರಿಗೆ ಬಸ್ಸಿನಲ್ಲಿ ಹೋದೆ. ಅಲ್ಲಿ ಏಳು ಗಂಟೆಗೆ ಇನ್ನೊಂದು ಬಸ್ಸು ಹತ್ತಿ ಕೋಲಾರಕ್ಕೆ ಬಂದೆ. ಹಿಂದಿನ ರಾತ್ರಿ ಈ ಏರ್ಪಾಟನ್ನು ಹೇಳಿದಾಗ ನನ್ನ ಹೆಂಡತಿ ಹಣೆ ಮುಟ್ಟಿ ನೋಡಿದಳು. ಜ್ವರವೇನೂ ಇರಲಿಲ್ಲ.

ಆದದ್ದು ಇಷ್ಟು. ಬೆಂಗಳೂರಿನಲ್ಲಿರುವ ಮಗಳು, ಸುತ್ತಮುತ್ತಲ ಹಳೆಯ ಊರುಗಳನ್ನು ಗೈಡ್ ಸಮೇತ ಒಂದೇ ದಿನದಲ್ಲಿ ತೋರಿಸುವ ಪ್ರವಾಸವೊಂದಕ್ಕೆ ಎರಡು ಸೀಟು ಕಾಯ್ದಿರಿಸಿದ್ದಳು. ಅಳಿಯಂದಿರಿಗೆ ರಜೆ ಸಿಗಲಿಲ್ಲ. ಕಟ್ಟಿದ ದುಡ್ಡು ವಾಪಸು ಬರುವಂತಿರಲಿಲ್ಲ. 'ಅಪ್ಪಾ, ನೀವೇ ಬಂದುಬಿಡಿ' ಎಂದಳು. 'ಕೋಲಾರದಲ್ಲೇ ಹತ್ತಿಕೊಳ್ಳುತ್ತೇನಮ್ಮ' ಎಂದೆ. ಮಧ್ಯದಲ್ಲಿ ಹತ್ತಿಸಿಕೊಳ್ಳುವುದಿಲ್ಲವಂತೆ, ಅದು ಅವರ ನಿಯಮ. ನಿಯಮ ಎಂದ ಮೇಲೆ ಮೇಷ್ಟರು ಮಾತನಾಡುವ ಹಾಗಿಲ್ಲ.

ಪ್ರವಾಸದ ಚೀಟಿಯಲ್ಲಿ ಏಳು ಜಾಗಗಳಿದ್ದವು. ಕೋಲಾರಮ್ಮ, ಸೋಮೇಶ್ವರ, ಅಂತರಗಂಗೆ, ಆವನಿ, ಮುಳಬಾಗಿಲು, ಕುರುಡುಮಲೆ, ಬೂದಿಕೋಟೆ. ಓದಿದ ಕೂಡಲೇ ಗೊತ್ತಾಯಿತು, ಇದನ್ನು ಬರೆದವರು ಈ ಊರುಗಳನ್ನು ನಕ್ಷೆಯಲ್ಲಿ ಮಾತ್ರ ನೋಡಿದ್ದಾರೆ ಎಂದು. ನಕ್ಷೆಯಲ್ಲಿ ಅಂತರಗಂಗೆ ಬೆಟ್ಟಕ್ಕೆ ಮೆಟ್ಟಿಲುಗಳಿಲ್ಲ, ಮೆಟ್ಟಿಲುಗಳ ಮೇಲೆ ಕೋತಿಗಳೂ ಇಲ್ಲ.

ಬಸ್ಸಿನಲ್ಲಿ ಇಪ್ಪತ್ತೆರಡು ಜನ. ಗೈಡ್ ಮಾಲೂರು ಕಡೆಯ ಹುಡುಗ, ಇತಿಹಾಸದಲ್ಲಿ ಎಂ.ಎ. ಮಾಡಿದವನು. ಅವನ ಮೈಕು ಹೊಸಕೋಟೆಯವರೆಗೂ ಕೀರಲು ದನಿಯಲ್ಲಿ ಕೂಗುತ್ತಿತ್ತು. ಆಮೇಲೆ ಕೆಟ್ಟಿತು, ಎಲ್ಲರಿಗೂ ನೆಮ್ಮದಿಯಾಯಿತು. ನರಸಾಪುರದ ಹತ್ತಿರ ದೂರದಲ್ಲಿ ಒಂದು ಕೆರೆ ಹೊಳೆಯಿತು. ಮುಂದಿನ ಸೀಟಿನ ಪುಟ್ಟ ಹುಡುಗಿ, 'ಕೋಲಾರದಲ್ಲಿ ನೀರೇ ಇಲ್ಲ ಎನ್ನುತ್ತಾರಲ್ಲ, ಇದು ಯಾವ ನೀರು?' ಎಂದು ಕೇಳಿದಳು. ಗೈಡ್ ನಕ್ಕು, 'ನೀವು ಬೆಂಗಳೂರಿನಲ್ಲಿ ಸ್ನಾನ ಮಾಡಿ ಬಿಟ್ಟ ನೀರಮ್ಮ' ಎಂದ. ಮಾತು ತಮಾಷೆಯದಾದರೂ ಸುಳ್ಳಲ್ಲ. ಕೋರಮಂಗಲ ಚಲ್ಲಘಟ್ಟ ಕಣಿವೆಯ ಕೊಳಚೆ ನೀರನ್ನು ಶುದ್ಧಮಾಡಿ ನಮ್ಮ ಕೆರೆಗಳಿಗೆ ತುಂಬಿಸುವ ಕೆಲಸ 2018ರಲ್ಲಿ ಆರಂಭವಾಯಿತು. ಅದನ್ನು ಮೂರನೆಯ ಹಂತದವರೆಗೂ ಶುದ್ಧಮಾಡಿ ಕೊಡಿ ಎಂದು ನಮ್ಮ ರೈತರು ಕೇಳುತ್ತಲೇ ಇದ್ದಾರೆ. ನಾವು ಹಾಲು, ಟೊಮೆಟೊ, ಮಾವಿನಹಣ್ಣು ಕಳಿಸುತ್ತೇವೆ, ಅವರು ಇದನ್ನು ಕಳಿಸುತ್ತಾರೆ. ಇರಲಿ, ಇದು ಬೇರೆಯೇ ಒಂದು ಭಾಷಣದ ಸರಕು.

ಬೆಂಗಳೂರಿನವರು ಕೋಲಾರವನ್ನು 'ಬೆಂಗಳೂರಿನ ಪಕ್ಕದ ಊರು' ಎಂದು ಕರೆಯುವುದನ್ನು ಕೇಳಿ ಕೇಳಿ ನಮಗೂ ಅದೇ ರೂಢಿಯಾಗಿದೆ. ಆ ಹುಡುಗ ಮಾತು ಶುರುಮಾಡಿದ್ದೇ ಇದನ್ನು ತಿರುಗಿಸಿ. ಬೆಂಗಳೂರು ಎಂಬ ಹೆಸರು ಮೊದಲು ಕಾಣುವುದು ಬೇಗೂರಿನ ಒಂದು ವೀರಗಲ್ಲಿನಲ್ಲಿ, ಸುಮಾರು 890ರ ಹೊತ್ತಿಗೆ. ಅದೂ ಊರಿನ ವೈಭವಕ್ಕಲ್ಲ, 'ಬೆಂಗಳೂರು ಕಾಳಗ'ದಲ್ಲಿ ಸತ್ತವನೊಬ್ಬನ ನೆನಪಿಗೆ. ಆ ಕಲ್ಲು ನೆಡುವ ಹೊತ್ತಿಗೆ ಕೋಲಾರಕ್ಕೆ ಗಂಗರ ನಂಟು ಐದು ನೂರು ವರ್ಷ ಹಳೆಯದು. ನಾಲ್ಕನೆಯ ಶತಮಾನದಲ್ಲಿ ಅವರು ರಾಜ್ಯ ಕಟ್ಟಿದ್ದು ಇಲ್ಲಿಂದಲೇ. ಆಗ ಊರಿನ ಹೆಸರು ಕುವಲಾಲ. ರಾಜಧಾನಿ ತಲಕಾಡಿಗೆ ಹೋದ ಮೇಲೂ ಗಂಗರಸರು 'ಕುವಲಾಲಪುರವರೇಶ್ವರ' ಎಂಬ ಬಿರುದನ್ನು ಬಿಡಲಿಲ್ಲ.

ನನಗೆ ಸ್ವಲ್ಪ ಮುಜುಗರವಾಯಿತು. 'ಗಂಗರ ಮೊದಲ ರಾಜಧಾನಿ ಯಾವುದು?' ಇದು ನಾನು ವರ್ಷವರ್ಷವೂ ಕೊಡುತ್ತಿದ್ದ ಒಂದು ಅಂಕದ ಪ್ರಶ್ನೆ. ಮಕ್ಕಳು 'ಕುವಲಾಲ' ಎಂದು ಬರೆಯುತ್ತಿದ್ದರು, ನಾನು ಕೆಂಪು ಶಾಯಿಯಲ್ಲಿ ಸರಿ ಗುರುತು ಹಾಕುತ್ತಿದ್ದೆ. ಕುವಲಾಲ ಎಂದರೆ ಈ ಬೆಂಚಿನ ಕೆಳಗಿರುವ ನೆಲವೇ ಎಂದು ಎಷ್ಟು ಮಕ್ಕಳಿಗೆ ಬಿಡಿಸಿ ಹೇಳಿದ್ದೆನೋ ನೆನಪಾಗುತ್ತಿಲ್ಲ.

ಒಂಬತ್ತು ಗಂಟೆಗೆ ಕೋಲಾರಮ್ಮನ ಗುಡಿ. ಈ ಗುಡಿಗೆ ನಾನು ನೂರಾರು ಸಲ ಹೋಗಿದ್ದೇನೆ. ಚಪ್ಪಲಿ ಬಿಟ್ಟು, ಕೈ ಮುಗಿದು, ಕುಂಕುಮ ಇಟ್ಟುಕೊಂಡು ಹತ್ತು ನಿಮಿಷದಲ್ಲಿ ಹೊರಗೆ. ಅಮ್ಮನವರದು ಉಗ್ರ ರೂಪ, ಆದ್ದರಿಂದ ಮುಖವನ್ನು ಕನ್ನಡಿಯಲ್ಲಿ ನೋಡಬೇಕು ಎಂಬ ವಾಡಿಕೆ ಇಲ್ಲಿ ಎಲ್ಲರಿಗೂ ಗೊತ್ತು. ಆದರೆ ಆ ದಿನ ಹುಡುಗ ನಮ್ಮನ್ನು ಮೊದಲು ನಿಲ್ಲಿಸಿದ್ದು ಒಳಗಲ್ಲ, ಹೊರಗೋಡೆಯ ಮುಂದೆ. ಅಲ್ಲೆಲ್ಲ ತಮಿಳು ಅಕ್ಷರಗಳು. ಹನ್ನೊಂದನೆಯ ಶತಮಾನದಲ್ಲಿ ಚೋಳರು ಈ ಸೀಮೆಯನ್ನು ಗೆದ್ದು ಇದಕ್ಕೆ 'ನಿಗರಿಲಿ ಚೋಳಮಂಡಲ' ಎಂದು ಹೆಸರಿಟ್ಟರು. ರಾಜೇಂದ್ರ ಚೋಳನ ಕಾಲದಲ್ಲಿ ಗುಡಿ ಬೆಳೆಯಿತು. ಆ ಶಾಸನಗಳಲ್ಲಿ ನಮ್ಮಮ್ಮ ಕೋಲಾರಮ್ಮ ಅಲ್ಲ, ಪಿಡಾರಿ. ನಮ್ಮ ಗುಂಪಿನಲ್ಲಿ ಕೃಷ್ಣರಾಜಪುರದ ಒಬ್ಬ ತಮಿಳು ಅಜ್ಜಿ ಇದ್ದರು. ಕನ್ನಡಕ ಸರಿಮಾಡಿಕೊಂಡು, ಬೆರಳನ್ನು ಕಲ್ಲಿಗೆ ತಾಗಿಸದೆ ಗಾಳಿಯಲ್ಲೇ ಓಡಿಸುತ್ತ, ಒಂದೊಂದೇ ಅಕ್ಷರ ಹುಡುಕಿದರು. ಹತ್ತರಲ್ಲಿ ಎರಡು ಸಿಕ್ಕವು. ಸಿಕ್ಕಾಗ ಅವರ ಮುಖ ನೋಡಬೇಕಿತ್ತು.

ಪಕ್ಕದ ಗುಡಿ ಚೇಳಮ್ಮನದು. ಅವಳಿಗೆ ನಡೆದುಕೊಂಡರೆ ಚೇಳು ಕಚ್ಚುವುದಿಲ್ಲ ಎಂಬ ನಂಬಿಕೆ ನಮ್ಮ ಹಳ್ಳಿಗಳಲ್ಲಿ ಇಂದಿಗೂ ಗಟ್ಟಿಯಾಗಿದೆ. ಅಲ್ಲಿ ಕಾಣಿಕೆ ಹಾಕಲು ಪೆಟ್ಟಿಗೆಯಿಲ್ಲ, ನೆಲದಲ್ಲೇ ಒಂದು ಕಂಡಿ. ರೇಡಿಯೊದಲ್ಲಿ ನಾನು ನಿಮಗೆ ಏನನ್ನೂ ತೋರಿಸಲಾರೆ, ಇದನ್ನು ಮಾತ್ರ ಕೇಳಿಸಲು ನೋಡುತ್ತೇನೆ. ಹುಡುಗ ಎಲ್ಲರನ್ನೂ ಸುಮ್ಮನಿರಿಸಿ ಒಂದು ಐದು ರೂಪಾಯಿ ನಾಣ್ಯ ಬಿಟ್ಟ. ಮೊದಲು ಕಲ್ಲಿಗೆ ತಗುಲಿದ ಒಂದು ಠಣ್. ಆಮೇಲೆ ಏನೂ ಇಲ್ಲ. ಉಸಿರು ಬಿಡುವಷ್ಟರಲ್ಲಿ, ಎಲ್ಲೋ ಕೆಳಗಿನಿಂದ, ನಾಣ್ಯ ನಾಣ್ಯಗಳ ಮೇಲೆ ಬಿದ್ದ ಮೆತ್ತನೆಯ ಸದ್ದು. ಐವತ್ತು ವರ್ಷದಿಂದ ಅದೇ ಕಂಡಿಗೆ ನಾಣ್ಯ ಹಾಕುತ್ತಿದ್ದ ನಾನು ಆ ಎರಡನೆಯ ಸದ್ದನ್ನು ಎಂದೂ ಕೇಳಿರಲಿಲ್ಲ. ಹಾಕಿದ ಕೂಡಲೇ ಕೈ ಮುಗಿದು ತಿರುಗಿಬಿಡುತ್ತಿದ್ದೆ.

ಸೋಮೇಶ್ವರ ಅಲ್ಲಿಂದ ಕೂಗಳತೆ. ವಿಜಯನಗರ ಕಾಲದ ಗುಡಿ, ದೊಡ್ಡ ಗೋಪುರ, ಮೂಲೆಯಲ್ಲಿ ಕೆತ್ತನೆಯ ಕಂಬಗಳ ಕಲ್ಯಾಣ ಮಂಟಪ. ಅಲ್ಲಿ ಎಲ್ಲರೂ ಫೋಟೊಗೆ ನಿಂತರು. ಮಂಟಪ ಚೆನ್ನಾಗಿದೆ, ಫೋಟೊಗಳೂ ಚೆನ್ನಾಗಿ ಬಂದಿರಬೇಕು. ಅಂತರಗಂಗೆಯನ್ನು ಬಸ್ಸಿನ ಕಿಟಕಿಯಿಂದ ಕೈ ತೋರಿಸಿ ಮುಗಿಸಲಾಯಿತು. ಬಸವನ ಬಾಯಿಂದ ಬೀಳುವ ನೀರನ್ನು ಕಾಣದೆ ಆ ಪುಟ್ಟ ಹುಡುಗಿ ಮುಖ ಊದಿಸಿಕೊಂಡಳು. ಅವಳ ಕಡೆಯೇ ನ್ಯಾಯವಿತ್ತು.

ಚೀಟಿಯಲ್ಲಿಲ್ಲದ ಒಂದು ಜಾಗಕ್ಕೆ ಹುಡುಗ ತಾನಾಗಿಯೇ ಕರೆದುಕೊಂಡು ಹೋದ. ಕೋಲಾರದ ಮಖಬರ. ಅಲ್ಲಿರುವುದು ಹೈದರಾಲಿಯ ತಂದೆ ಫತೇ ಮಹಮ್ಮದರ ಗೋರಿ. 1782ರ ಡಿಸೆಂಬರಿನಲ್ಲಿ ಚಿತ್ತೂರಿನ ಹತ್ತಿರದ ಪಾಳೆಯದಲ್ಲಿ ಹೈದರ್ ತೀರಿಕೊಂಡಾಗ ಅವನ ದೇಹವನ್ನು ಮೊದಲು ತಂದಿಟ್ಟದ್ದು ಇಲ್ಲಿಗೆ, ಅಪ್ಪನ ಬಳಿಗೆ. ಆಮೇಲೆ ಶ್ರೀರಂಗಪಟ್ಟಣಕ್ಕೆ ಒಯ್ದರು. ಶ್ರೀರಂಗಪಟ್ಟಣದ ಗುಂಬಜ್ ನೋಡಲು ಜನ ಸಾಲುಗಟ್ಟುತ್ತಾರೆ. ಇಲ್ಲಿ ಒಬ್ಬ ಮುದುಕರು ಕಸ ಗುಡಿಸುತ್ತಿದ್ದರು. ನಮ್ಮನ್ನು ಕಂಡು ಪೊರಕೆ ಬದಿಗಿಟ್ಟು ದಾರಿ ಬಿಟ್ಟರು.

ಆವನಿ ತಲುಪಿದಾಗ ಹನ್ನೆರಡೂ ಮುಕ್ಕಾಲು. ಬೆಟ್ಟದ ಮೇಲೆ ಸೀತಮ್ಮನ ಗುಡಿ, ಕೆಳಗೆ ರಾಮ, ಲಕ್ಷ್ಮಣ, ಭರತ, ಶತ್ರುಘ್ನರ ಹೆಸರಿನ ಶಿವಾಲಯಗಳು. ವಾಲ್ಮೀಕಿಗಳ ಆಶ್ರಮ ಇಲ್ಲಿತ್ತು, ಲವಕುಶರು ಹುಟ್ಟಿದ್ದು ಇಲ್ಲೇ ಎಂದು ಊರಿನವರು ಹೇಳುತ್ತಾರೆ. ಹುಡುಗ ಆ ಕಥೆಯನ್ನು ಗೌರವದಿಂದಲೇ ಹೇಳಿ, ಆಮೇಲೆ ಈ ಸೀಮೆಯನ್ನು ಆಳಿದ ನೊಳಂಬ ಅರಸರ ಮಾತೆತ್ತಿದ. ಹತ್ತನೆಯ ಶತಮಾನದಲ್ಲಿ ಇಲ್ಲಿ ತ್ರಿಭುವನಕರ್ತಾರ ಎಂಬ ಯತಿಗಳಿದ್ದರು. ಆವನಿಯ ಧರ್ಮಸ್ಥಾನವನ್ನು ನಲವತ್ತು ವರ್ಷ ಆಳಿ, ಐವತ್ತು ಗುಡಿಗಳನ್ನೂ ಎರಡು ದೊಡ್ಡ ಕೆರೆಗಳನ್ನೂ ಕಟ್ಟಿಸಿದರು ಎಂದು ಶಾಸನ ಹೇಳುತ್ತದೆ. ಗುಡಿಗಳ ಲೆಕ್ಕದ ಜೊತೆಗೇ ಕೆರೆಗಳ ಲೆಕ್ಕವನ್ನೂ ಬರೆದಿಟ್ಟದ್ದು ನನಗೆ ಬಹಳ ಹಿಡಿಸಿತು. ಈ ಸೀಮೆಯ ಸನ್ಯಾಸಿಗೂ ನೀರಿನ ಚಿಂತೆ ತಪ್ಪಿದ್ದಲ್ಲ.

ಲಕ್ಷ್ಮಣೇಶ್ವರ ಗುಡಿಯ ಮಂಟಪದಲ್ಲಿ ಅವನು, 'ಎಲ್ಲರೂ ಮಲಗಿ' ಎಂದ. ನಾವು ಪರಸ್ಪರ ಮುಖ ನೋಡಿಕೊಂಡೆವು. ಪುಟ್ಟ ಹುಡುಗಿ ಮೊದಲು ಮಲಗಿದಳು. ಆಮೇಲೆ ಒಬ್ಬೊಬ್ಬರಾಗಿ, ಕೊನೆಗೆ ರೇಷ್ಮೆ ಸೀರೆಯುಟ್ಟು ಬಂದಿದ್ದ ಒಬ್ಬರು ಟವೆಲ್ ಹಾಸಿಕೊಂಡು. ಮಧ್ಯಾಹ್ನದಲ್ಲೂ ಬೆನ್ನಿಗೆ ತಣ್ಣಗೆ ಹತ್ತುವ ಕಲ್ಲು. ಮೇಲೆ ಚಾವಣಿಯಲ್ಲಿ, ನಡುವೆ ಉಮಾಮಹೇಶ್ವರರು, ಸುತ್ತಲೂ ಎಂಟು ದಿಕ್ಕಿನ ಪಾಲಕರು. 'ಮುಖ ನೋಡಬೇಡಿ, ವಾಹನ ನೋಡಿ. ಆನೆ ಇಂದ್ರನದು, ಟಗರು ಅಗ್ನಿಯದು, ಕೋಣ ಯಮನದು' ಎಂದು ಹೇಳಿ ಸುಮ್ಮನಾದ. ನನ್ನ ಮಗಳು ಮಗುವಿನ ಹಾಗೆ ಬೆರಳು ಮಡಚುತ್ತ ಎಣಿಸುತ್ತಿದ್ದಳು. ನಿಂತು ಕತ್ತು ಎತ್ತಿ ನೋಡಿದರೆ ಅರ್ಧ ನಿಮಿಷಕ್ಕೆ ಕತ್ತು ಸೋಲುತ್ತದೆ. ಮಲಗಿದರೆ ಎಂಟೂ ಮಂದಿ ತಾವಾಗಿಯೇ ಇಳಿದು ಬರುತ್ತಾರೆ. ಒಳ್ಳೆಯ ಗೈಡ್ ಯಾರು ಎಂದು ಕೇಳಿದರೆ, ಎಲ್ಲಿ ಮಾತು ನಿಲ್ಲಿಸಬೇಕು ಎಂದು ಬಲ್ಲವನು ಎಂದು ನಾನು ಇನ್ನು ಮೇಲೆ ಹೇಳುತ್ತೇನೆ.

ಅಷ್ಟರಲ್ಲಿ ಹೊರಗೆ ಬಸ್ಸಿನ ಹಾರನ್. ಆವನಿಗೆ ಚೀಟಿಯಲ್ಲಿ ಗೊತ್ತುಮಾಡಿದ್ದು ನಲವತ್ತು ನಿಮಿಷ. ಹೆದ್ದಾರಿಯ ಹೋಟೆಲಿನ ಊಟಕ್ಕೆ ಒಂದೂವರೆ ಗಂಟೆ! ಆ ಊಟವೂ ಪನೀರ್, ತಂದೂರಿ ರೊಟ್ಟಿ. ರಾಗಿಯ ನಾಡಿಗೆ ಜನರನ್ನು ಕರೆತಂದು ಒಂದು ಮುದ್ದೆ, ಒಂದು ಸೌಟು ಹುರುಳಿಕಾಳಿನ ಸಾರು ಬಡಿಸದೆ ಕಳಿಸುವುದು ನನ್ನ ಪಾಲಿಗೆ ಸಣ್ಣ ಅಪರಾಧವಲ್ಲ.

ಮುಳಬಾಗಿಲಿನಲ್ಲಿ ಹೇಳುವುದು ಬೇಕಾದಷ್ಟಿತ್ತು, ಹೊತ್ತು ಇರಲಿಲ್ಲ. ಮೂಡಲ ಬಾಗಿಲು ಎಂಬುದೇ ಮುಳಬಾಗಿಲಾಗಿದೆ. ಬುಕ್ಕರಾಯನ ಮಗ ಕುಮಾರ ಕಂಪಣ ಈ ಊರಿನಿಂದಲೇ ಆಳಿದ, ಮಧುರೆಯವರೆಗೂ ದಂಡೆತ್ತಿ ಹೋದ. ವ್ಯಾಸರಾಯರ ಗುರುಗಳಾದ ಶ್ರೀಪಾದರಾಜರು 'ರಂಗವಿಠಲ' ಎಂಬ ಅಂಕಿತದಲ್ಲಿ ಕನ್ನಡದ ಪದಗಳನ್ನು ಹಾಡಿದರು, ಅವರ ವೃಂದಾವನ ಊರಾಚೆಯ ನರಸಿಂಹತೀರ್ಥದಲ್ಲಿದೆ. ಡಿ.ವಿ. ಗುಂಡಪ್ಪನವರು 1887ರಲ್ಲಿ ಹುಟ್ಟಿದ ಊರೂ ಇದೇ. ಇಷ್ಟನ್ನೂ ಹುಡುಗ ಚಲಿಸುವ ಬಸ್ಸಿನಲ್ಲಿ ನಿಂತು, ಕಂಬಿ ಹಿಡಿದು, ಒಂದೇ ಉಸಿರಿಗೆ ಹೇಳಿದ. ಆದರೆ ದೋಸೆಗೆ ಬಸ್ಸು ನಿಂತಿತು, ಅದಕ್ಕೆ ಚಾಲಕರೇ ಕಾರಣ. ದಪ್ಪಗೆ, ಅಡಿ ಗರಿಗರಿ, ಮೇಲೆ ಮೆತ್ತಗೆ, ತುಪ್ಪ ಇಳಿಯುವ ಮುಳಬಾಗಿಲು ದೋಸೆ. ಮಧ್ಯಾಹ್ನದ ಪನೀರನ್ನು ಎಲ್ಲರೂ ಮರೆತರು.

ಕುರುಡುಮಲೆಗೆ ಹೋಗುವಾಗ ಬಿಸಿಲು ಇಳಿದಿತ್ತು. ಹದಿಮೂರು ಅಡಿಗೂ ಮಿಕ್ಕ ಏಕಶಿಲೆಯ ಗಣಪತಿ, ದೀಪದ ಬೆಳಕಿನಲ್ಲಿ. ಕೂಡುಮಲೆ ಎಂಬುದು ಕುರುಡುಮಲೆಯಾಯಿತಂತೆ. ಪಕ್ಕದ ಸೋಮೇಶ್ವರಕ್ಕೆ ಹೋಗುವಷ್ಟರಲ್ಲಿ ಕತ್ತಲಾಯಿತು. ಬೂದಿಕೋಟೆ, ಅಂದರೆ ಹೈದರನ ಹುಟ್ಟೂರು, ಚೀಟಿಯಲ್ಲೇ ಉಳಿಯಿತು.

ಬೆಂಗಳೂರಿನಿಂದ ಹೊರಡುವವರಿಗೆ ನನ್ನದು ಒಂದು ಕೋರಿಕೆ. ಏಳು ಊರಿನ ಚೀಟಿ ಕಂಡರೆ ಹಿಂದೆ ಸರಿಯಿರಿ. ಕೋಲಾರ, ಆವನಿ, ಕುರುಡುಮಲೆ, ಒಂದು ದಿನಕ್ಕೆ ಈ ಮೂರು ಹೊಟ್ಟೆ ತುಂಬಾ ಆಗುತ್ತದೆ. ಪೂಜೆಯ ಗುಡಿಗಳು ಮಧ್ಯಾಹ್ನ ಬಾಗಿಲು ಹಾಕುತ್ತವೆ, ಆದ್ದರಿಂದ ಕೋಲಾರಮ್ಮನನ್ನು ಬೆಳಿಗ್ಗೆಯೇ ನೋಡಿ. ಟವೆಲ್ ಒಂದು ಇರಲಿ, ಮಲಗಲು. ಕೋಲಾರದವರಿಗೂ ಹೇಳುತ್ತೇನೆ, ಒಂದು ದಿನ ಪರಊರಿನವರ ಜೊತೆ ಸೇರಿಕೊಳ್ಳಿ.

ಹಿಂದಿರುಗುವಾಗ ಚಾಲಕರು ಕೋಲಾರದ ಬೈಪಾಸಿನಲ್ಲಿ, ನಿಯಮ ಮೀರಿ, ಅರ್ಧ ನಿಮಿಷ ಬಸ್ಸು ನಿಲ್ಲಿಸಿ ನನ್ನನ್ನು ಇಳಿಸಿದರು. ಮಗಳು ಕಿಟಕಿಯಿಂದ ಕೈ ಬೀಸಿದಳು. ಮುಂದಿನ ಶುಕ್ರವಾರ ಹೆಂಡತಿಯನ್ನು ಕರೆದುಕೊಂಡು ಚೇಳಮ್ಮನ ಗುಡಿಗೆ ಹೋದೆ, ಆ ಎರಡನೆಯ ಸದ್ದು ಕೇಳಿಸೋಣವೆಂದು. ಅಂದು ವಿಪರೀತ ಜನ, ಗಂಟೆ, ಮಕ್ಕಳ ಅಳು. ನಾಣ್ಯ ಬಿಟ್ಟು ಇಬ್ಬರೂ ಬಗ್ಗಿ ನಿಂತೆವು. ಏನೂ ಕೇಳಿಸಲಿಲ್ಲ. ಹಿಂದಿನವರು 'ಸ್ವಲ್ಪ ಸರಿಯಿರಿ ಸಾರ್' ಎಂದರು. 'ಮಂಗಳವಾರ ಬೆಳಿಗ್ಗೆ ಬೇಗ ಬರೋಣ' ಎಂದಳು ಅವಳು.

ನಮಸ್ಕಾರ.