ಸೇಡಿಗೂ ಒಂದು ಲೆಕ್ಕ ಇತ್ತು, ಆ ಲೆಕ್ಕದಲ್ಲಿ ಯಾರಿದ್ದರು?

ನಮಸ್ಕಾರ ಎಲ್ಲರಿಗೂ.

ಮಧ್ಯಯುಗದ ಯುರೋಪಿನ ಸೇಡಿನ ಕಥೆ ಅಂದ ತಕ್ಷಣ ನಮ್ಮ ಕಣ್ಣ ಮುಂದೆ ಒಂದೇ ಚಿತ್ರ ಬರುತ್ತದೆ. ಕಾನೂನಿಲ್ಲ, ಕಟ್ಟಳೆಯಿಲ್ಲ, ಸಿಟ್ಟು ಬಂದರೆ ಸಾಕು, ಕತ್ತಿ ಹಿರಿಯುವ ಜನ. ಈ ಚಿತ್ರ ತಪ್ಪು. ಅಲ್ಲಿ ಕಾನೂನು ಬೇಕಾದಷ್ಟಿತ್ತು. ನ್ಯಾಯಸಭೆ ಇತ್ತು, ಆಣೆ ಪ್ರಮಾಣ ಇತ್ತು, ರಾಜಿ ಇತ್ತು, ದಂಡ ಇತ್ತು. ನನ್ನ ತಕರಾರು ಬೇರೆ. ಆ ಕಾನೂನು ಯಾರ ಸಾವನ್ನು ಸಾವು ಅಂತ ಎಣಿಸಿತು, ಯಾರದ್ದನ್ನು ಎಣಿಸಲಿಲ್ಲ? ಸೇಡಿನ ಬಗ್ಗೆ ಮಾತಾಡುವವರು ಈ ಪ್ರಶ್ನೆ ಕೇಳುವುದೇ ಕಡಿಮೆ. ಅದಕ್ಕೇ ಇವತ್ತು ಕೂತಿದ್ದೇನೆ.

ಒಂದೇ ಒಂದು ಜಗಳ ತೆಗೆದುಕೊಳ್ಳೋಣ. ಫ್ರಾನ್ಸಿನ ತೂರ್ ನಗರದ ಹತ್ತಿರ ಮಾಂಥೆಲಾನ್ ಅಂತ ಒಂದು ಹಳ್ಳಿ. ಇಸವಿ 585. ಆಗ ಅಲ್ಲಿ ಫ್ರಾಂಕ್ ಅನ್ನುವ ಜನಾಂಗದ ರಾಜರ ಆಳ್ವಿಕೆ. ಈ ಜಗಳವನ್ನು ಬರೆದಿಟ್ಟವರು ತೂರ್‌ನ ಬಿಷಪ್ ಗ್ರೆಗೊರಿ. ಯಾರೋ ಹೇಳಿದ್ದನ್ನು ಕೇಳಿ ಬರೆದವರಲ್ಲ, ಜಗಳ ಬಿಡಿಸಲು ಹೋಗಿ ಖುದ್ದು ನಡುವೆ ನಿಂತವರು.

ಅವತ್ತು ಕ್ರಿಸ್‌ಮಸ್. ಸಿಕಾರ್ ಅನ್ನುವ ಹುಡುಗ, ಆಸ್ಟ್ರೆಗಿಸೆಲ್ ಅನ್ನುವ ಇನ್ನೊಬ್ಬ, ಊರಿನ ಕೆಲವರು, ಎಲ್ಲ ಸೇರಿ ಹಬ್ಬ ಮಾಡುತ್ತಿದ್ದರು. ಊರಿನ ಪಾದ್ರಿ ಒಂದಿಷ್ಟು ಜನರನ್ನು ತನ್ನ ಮನೆಗೆ ಕುಡಿಯಲು ಕರೆಯೋಣ ಅಂತ ಆಳನ್ನು ಕಳಿಸಿದ. ಆಳು ಬಂದು ಕರೆದ. ಕರೆಸಿಕೊಂಡವರಲ್ಲೇ ಒಬ್ಬ ಕತ್ತಿ ಹಿರಿದು ಆಳನ್ನು ಹೊಡೆದ. ಆಳು ಅಲ್ಲೇ ಬಿದ್ದು ಸತ್ತ. ಯಾಕೆ ಹೊಡೆದ? ಗ್ರೆಗೊರಿ ಬರೆದಿಲ್ಲ. ಆಳಿನ ಹೆಸರೂ ಬರೆದಿಲ್ಲ. ಇದನ್ನು ಸ್ವಲ್ಪ ನೆನಪಿಟ್ಟುಕೊಳ್ಳಿ.

ಸಿಕಾರ್ ಆ ಪಾದ್ರಿಯ ಗೆಳೆಯ. ಗೆಳೆಯನ ಆಳನ್ನು ಕೊಂದರು ಅಂತ ಕೇಳಿದ್ದೇ ಆಯುಧ ಹಿಡಿದು ಚರ್ಚಿನ ಹತ್ತಿರ ಆಸ್ಟ್ರೆಗಿಸೆಲ್‌ಗಾಗಿ ಕಾದು ನಿಂತ. ಅವನೂ ಜನ ಕಟ್ಟಿಕೊಂಡು ಬಂದ. ಹೊಡೆದಾಟ ಆಯಿತು. ಸಿಕಾರ್ ಜೀವ ಉಳಿಸಿಕೊಂಡು ತನ್ನ ಜಮೀನಿನ ಕಡೆ ಓಡಿದ. ಓಡುವಾಗ ಪಾದ್ರಿಯ ಮನೆಯಲ್ಲಿ ಬೆಳ್ಳಿ ಬಿಟ್ಟ, ಬಟ್ಟೆ ಬಿಟ್ಟ, ಗಾಯಗೊಂಡಿದ್ದ ತನ್ನ ನಾಲ್ಕು ಜನ ಆಳುಗಳನ್ನೂ ಬಿಟ್ಟ. ಆಸ್ಟ್ರೆಗಿಸೆಲ್ ಆ ಮನೆಗೆ ನುಗ್ಗಿ ಆಳುಗಳನ್ನು ಕೊಂದು ಚಿನ್ನ ಬೆಳ್ಳಿ ಹೊತ್ತೊಯ್ದ.

ಮುಂದೇನು? ಕೋರ್ಟು. ಹೌದು, ನಿಜವಾಗಿಯೂ ಕೋರ್ಟು. ಊರ ದೊಡ್ಡವರು ಕೂತು ವಿಚಾರಣೆ ಮಾಡಿದರು. ತಪ್ಪು ಆಸ್ಟ್ರೆಗಿಸೆಲ್‌ನದು, ದಂಡ ಅವನೇ ಕೊಡಬೇಕು ಅಂತ ತೀರ್ಮಾನ ಆಯಿತು. ಕೆಲವು ದಿನ ಕಳೆದವು. ಕದ್ದ ಮಾಲು ಔನೊ ಎಂಬುವನ ಹತ್ತಿರ, ಅವನ ಮಗ ಮತ್ತು ತಮ್ಮ ಎಬೆರುಲ್ಫ್‌ನ ಹತ್ತಿರ ಇದೆ ಅನ್ನುವ ಸುದ್ದಿ ಸಿಕಾರ್ ಕಿವಿಗೆ ಬಿತ್ತು. ಆ ತೀರ್ಪನ್ನು ಅತ್ತ ಬಿಸಾಕಿ, ರಾತ್ರೋರಾತ್ರಿ ಜನರೊಂದಿಗೆ ಹೋಗಿ, ಮಲಗಿದ್ದವರ ಮೇಲೆ ಬಿದ್ದ. ಔನೊ, ಅವನ ಮಗ, ಅವನ ತಮ್ಮ, ಮೂವರನ್ನೂ ಕೊಂದ. ಆಳುಗಳನ್ನು ಕೊಂದ. ದನಕರು ಹೊಡೆದುಕೊಂಡು ಹೋದ. ಕೋರ್ಟಿನಲ್ಲಿ ಗೆದ್ದವನೇ ಕೋರ್ಟನ್ನು ಒದ್ದ. ಈ ಇಡೀ ಕಥೆಯಲ್ಲಿ ಸಿಕಾರ್ ಮೇಲೆ ನನಗೆ ಸಿಟ್ಟು ಬರುವುದು ಮೊದಲು ಇಲ್ಲೇ.

ಔನೊಗೆ ಇನ್ನೊಬ್ಬ ಮಗ ಉಳಿದಿದ್ದ. ಹೆಸರು ಕ್ರಾಮ್ನೆಸಿಂಡ್. ಅಪ್ಪ, ಅಣ್ಣತಮ್ಮ, ಚಿಕ್ಕಪ್ಪ, ಒಂದೇ ರಾತ್ರಿ ಮೂರು ಹೆಣ. ಅವನ ಜಾಗದಲ್ಲಿ ನೀವಿದ್ದರೆ ಏನು ಮಾಡುತ್ತಿದ್ದಿರಿ?

ಗ್ರೆಗೊರಿ ಎರಡೂ ಕಡೆಯವರನ್ನು ಕರೆಸಿದರು. ಇನ್ನು ಸಾಕು, ತಪ್ಪು ಮಾಡಿದವನು ದಂಡ ಕಟ್ಟಲಿ, ಕಟ್ಟಲು ಅವನಲ್ಲಿ ಇಲ್ಲದಿದ್ದರೆ ಚರ್ಚಿನ ಹಣದಿಂದ ನಾನು ಕೊಡುತ್ತೇನೆ ಅಂದರು. ಬಿಷಪ್ ಬರೀ ಬುದ್ಧಿವಾದ ಹೇಳಲಿಲ್ಲ, ದುಡ್ಡು ಮುಂದಿಟ್ಟರು. ಕ್ರಾಮ್ನೆಸಿಂಡ್ ಕಡೆಯವರು ಒಪ್ಪಲಿಲ್ಲ.

ಇಲ್ಲಿ ಒಂದು ನಿಮಿಷ ನಿಲ್ಲುತ್ತೇನೆ. ಹೆಣಕ್ಕೆ ದುಡ್ಡು ಅಂದರೆ ನಮಗೆ ಮುಜುಗರ ಆಗುತ್ತದೆ, ಅಲ್ವಾ? ಆದರೆ ಇದು ಲಂಚ ಅಲ್ಲ. ಇದೇ ಆ ಕಾಲದ ಕಾನೂನಿನ ಬೆನ್ನೆಲುಬು. ಫ್ರಾಂಕರ ಸ್ಯಾಲಿಕ್ ಕಾನೂನಿನಲ್ಲಿ ಸ್ವತಂತ್ರ ಫ್ರಾಂಕನ ಜೀವಕ್ಕೆ 200 ಸಾಲಿಡಸ್, ಅಂದರೆ 200 ಚಿನ್ನದ ನಾಣ್ಯ. ಸ್ವಲ್ಪ ಕಾಲದ ನಂತರ ಬಂದ ರಿಪುವೇರಿಯನ್ ಫ್ರಾಂಕರ ಕಾನೂನು, ಈ ದಂಡವನ್ನು ದನದ ರೂಪದಲ್ಲಿ ಕೊಡುವುದಾದರೆ ಒಂದು ಒಳ್ಳೆಯ ಎತ್ತಿಗೆ 2 ಸಾಲಿಡಸ್ ಅಂತ ಹಿಡಿಯುತ್ತದೆ. ಅಂದರೆ ಒಂದು ಜೀವಕ್ಕೆ ನೂರು ಎತ್ತು! ಒಬ್ಬನ ಕೈಯಲ್ಲಿ ಆಗುವ ಮಾತಲ್ಲ. ನೆಂಟರಿಷ್ಟರು ಕೈ ಜೋಡಿಸಬೇಕಿತ್ತು. ಬಂದ ಹಣದಲ್ಲಿ ಅರ್ಧ ಸತ್ತವನ ಮಕ್ಕಳಿಗೆ, ಉಳಿದ ಅರ್ಧ ತಂದೆಯ ಕಡೆಯ ಮತ್ತು ತಾಯಿಯ ಕಡೆಯ ನೆಂಟರಿಗೆ. ಇದರ ಜಾಣತನ ನೋಡಿ. ಕತ್ತಿ ಎತ್ತುವ ಹುಡುಗನ ಹಿಂದೆ ಹತ್ತು ಜನ ನೆಂಟರು ಇರುತ್ತಾರೆ. ಕೊಟ್ಟರೆ ಅವರ ಜೇಬಿಗೂ ಕತ್ತರಿ, ಬಂದರೆ ಅವರಿಗೂ ಪಾಲು. ಹಾಗಾಗಿ "ಸುಮ್ನೆ ರಾಜಿ ಮಾಡಿಕೊಳ್ಳಪ್ಪ" ಅನ್ನುವವರು ಮನೆಯೊಳಗೇ ಹುಟ್ಟಿಕೊಳ್ಳುತ್ತಾರೆ.

ಇಂಗ್ಲೆಂಡಿನ ಕೆಂಟ್ ರಾಜ ಎಥೆಲ್‌ಬರ್ಟ್ 600ರ ಆಸುಪಾಸಿನಲ್ಲಿ ಮಾಡಿದ ಕಾನೂನು ಇನ್ನೂ ಒಂದು ಹೆಜ್ಜೆ ಮುಂದೆ. ಹೆಬ್ಬೆರಳು ಕತ್ತರಿಸಿದರೆ 20 ಶಿಲ್ಲಿಂಗ್, ಕಿರುಬೆರಳಿಗೆ 11. ಮುಂದಿನ ಹಲ್ಲು ಒಂದಕ್ಕೆ 6. ಓದಿದರೆ ನಗು ಬರಬಹುದು. ನನಗೆ ಗೌರವ ಬರುತ್ತದೆ. ಬೆಲೆ ಮೊದಲೇ ಗೊತ್ತಿದ್ದರೆ ಚೌಕಾಸಿಯ ಜಗಳ ಇಲ್ಲ. ಇಟಲಿಯ ಲಾಂಬಾರ್ಡ್ ರಾಜ ರೊಥಾರಿ 643ರಲ್ಲಿ ಹೊರಡಿಸಿದ ಕಾನೂನಿನಲ್ಲಿ ಬಾಯಿಬಿಟ್ಟೇ ಹೇಳುತ್ತಾನೆ: ದಂಡವನ್ನು ನಮ್ಮ ಹಿರಿಯರಿಗಿಂತ ಜಾಸ್ತಿ ಇಟ್ಟಿದ್ದೇವೆ, ಹಗೆ ನಿಲ್ಲಲಿ ಅಂತ. ಸೇಡು ಎಷ್ಟು ಅಪಾಯ ಅಂತ ಗೊತ್ತಿದ್ದ ಜನ ಇವರು. ಕಾಡು ಜನ ಅಲ್ಲ.

ಈಗ ವಾಪಸ್ ತೂರ್‌ಗೆ. ಕ್ರಾಮ್ನೆಸಿಂಡ್ ದುಡ್ಡು ಬೇಡ ಅಂದ ಮೇಲೆ ಸಿಕಾರ್ ರಾಜನನ್ನು ನೋಡಲು ಹೊರಟ. ದಾರಿಯಲ್ಲಿ ಹೆಂಡತಿಯನ್ನು ನೋಡಲು ಪ್ವಾತಿಯೆ ನಗರದ ಕಡೆ ಹೋದ. ಅಲ್ಲಿ ಕೆಲಸ ಮಾಡುತ್ತಿದ್ದ ಒಬ್ಬ ಗುಲಾಮನನ್ನು ಬೈದು ಕೋಲಿನಿಂದ ಹೊಡೆದ. ಗುಲಾಮ ಅವನ ಸೊಂಟದ ಕತ್ತಿಯನ್ನೇ ಎಳೆದು ಸಿಕಾರ್‌ಗೆ ಹೊಡೆದ. ಸಿಕಾರ್ ನೆಲಕ್ಕೆ ಬಿದ್ದ. ಗೆಳೆಯರು ಓಡಿ ಬಂದರು. ಗುಲಾಮನನ್ನು ಹಿಡಿದು, ಕೈಕಾಲು ಕತ್ತರಿಸಿ, ನೇಣಿಗೆ ಹಾಕಿದರು.

ಇವನ ಮೇಲೆ ವಿಚಾರಣೆ ನಡೆಯಲಿಲ್ಲ. ದಂಡ ಎಷ್ಟು ಅಂತ ಯಾರೂ ಕೂತು ಲೆಕ್ಕ ಹಾಕಲಿಲ್ಲ. ಹೊಡೆಸಿಕೊಂಡವನು ತಿರುಗಿ ಹೊಡೆದ, ಅಷ್ಟೇ. ಕ್ರಾಮ್ನೆಸಿಂಡ್ ಮುಂದೆ ಮಾಡಲಿದ್ದದ್ದನ್ನೇ ಇವನು ಮೊದಲೇ ಮಾಡಿದ. ಒಬ್ಬನಿಗೆ ಮಾತ್ರ ಅದು ಹಕ್ಕು. ಗ್ರೆಗೊರಿ ಈ ಘಟನೆಯನ್ನು ಎರಡು ಸಾಲಿನಲ್ಲಿ ಮುಗಿಸಿ ಮುಂದೆ ಹೋಗುತ್ತಾರೆ. ಅವರಿಗೆ ಬೇಕಾಗಿದ್ದದ್ದು ಇದರಿಂದ ಹುಟ್ಟಿದ ಗಾಳಿಸುದ್ದಿ.

ಸಿಕಾರ್ ಸತ್ತ ಅಂತ ತೂರ್‌ನಲ್ಲಿ ಗುಲ್ಲೆದ್ದಿತು. ಕ್ರಾಮ್ನೆಸಿಂಡ್ ನೆಂಟರನ್ನು, ಗೆಳೆಯರನ್ನು ಸೇರಿಸಿಕೊಂಡು ಸಿಕಾರ್ ಮನೆಗೆ ನುಗ್ಗಿದ. ಕೆಲವು ಆಳುಗಳನ್ನು ಕೊಂದ, ಮನೆಗಳಿಗೆಲ್ಲ ಬೆಂಕಿ ಇಟ್ಟ. ಅಕ್ಕಪಕ್ಕದವರ ಮನೆಯೂ ಸುಟ್ಟುಹೋಯಿತು. ಆದರೆ ಸಿಕಾರ್ ಸತ್ತಿರಲಿಲ್ಲ.

ಮತ್ತೆ ಕೋರ್ಟು. ಈ ಸಲದ ತೀರ್ಪು ನನಗೆ ತುಂಬಾ ಇಷ್ಟ. ಮೊದಲು ದುಡ್ಡು ಬೇಡ ಅಂದು, ಆಮೇಲೆ ಮನೆ ಸುಟ್ಟಿದ್ದಕ್ಕೆ ಕ್ರಾಮ್ನೆಸಿಂಡ್‌ಗೆ ಬರಬೇಕಾದ ದಂಡದಲ್ಲಿ ಅರ್ಧ ಹೋಯಿತು. ಉಳಿದರ್ಧ ಸಿಕಾರ್ ಕೊಡಬೇಕು. ಇದು ಕಾನೂನಿಗೆ ವಿರುದ್ಧ, ಶಾಂತಿ ಆಗಲಿ ಅಂತ ಹೀಗೆ ಮಾಡಿದರು ಅಂತ ಗ್ರೆಗೊರಿಯೇ ಒಪ್ಪಿಕೊಳ್ಳುತ್ತಾರೆ. ಹಣ ಚರ್ಚು ಕೊಟ್ಟಿತು. ಇನ್ನು ಒಬ್ಬರ ತಂಟೆಗೆ ಒಬ್ಬರು ಹೋಗುವುದಿಲ್ಲ ಅಂತ ಇಬ್ಬರೂ ಆಣೆ ಮಾಡಿದರು. ಕಾನೂನಿನ ಅಕ್ಷರಕ್ಕಿಂತ ಊರಿನ ನೆಮ್ಮದಿ ದೊಡ್ಡದು ಅಂದುಕೊಂಡ ಈ ನ್ಯಾಯಾಧೀಶರನ್ನು ಕಾಡು ಜನ ಅನ್ನಲು ನನಗೆ ಬಾಯಿ ಬರುವುದಿಲ್ಲ.

ಅದು ಕೆಲಸವನ್ನೂ ಮಾಡಿತು. ನಂಬಿದರೆ ನಂಬಿ, ಸಿಕಾರ್ ಮತ್ತು ಕ್ರಾಮ್ನೆಸಿಂಡ್ ಜೀವದ ಗೆಳೆಯರಾದರು. ಒಟ್ಟಿಗೆ ಊಟ, ಎಷ್ಟೋ ಸಲ ಒಂದೇ ಹಾಸಿಗೆಯಲ್ಲಿ ನಿದ್ದೆ.

ಒಂದು ಸಂಜೆ ಕ್ರಾಮ್ನೆಸಿಂಡ್ ಮನೆಯಲ್ಲಿ ಊಟ. ಸಿಕಾರ್ ಚೆನ್ನಾಗಿ ಕುಡಿದಿದ್ದ. ಅಮಲಿನಲ್ಲಿ ಕೊಚ್ಚಿಕೊಳ್ಳಲು ಶುರು ಮಾಡಿದ. ನಿನ್ನ ನೆಂಟರನ್ನು ನಾನು ಕೊಂದಿದ್ದಕ್ಕೆ ನೀನು ನನಗೆ ಋಣಿಯಾಗಿರಬೇಕು ಕಣೋ, ಆ ದುಡ್ಡಿನಿಂದಲೇ ನಿನ್ನ ಮನೆಯಲ್ಲಿ ಚಿನ್ನ ಬೆಳ್ಳಿ ತುಂಬಿದೆ, ಇಲ್ಲದಿದ್ದರೆ ಇವತ್ತು ಮೈಮೇಲೆ ಬಟ್ಟೆ ಇರುತ್ತಿರಲಿಲ್ಲ ಅಂದ.

ಮಾತು ಆಡಿದರೆ ಹೋಯಿತು, ಮುತ್ತು ಒಡೆದರೆ ಹೋಯಿತು. ದಂಡದ ಹಣಕ್ಕೆ ಬಾಯಿ ಇಲ್ಲದಿರುವ ತನಕ ಮಾತ್ರ ಅದು ಕೆಲಸ ಮಾಡುತ್ತದೆ. ಎಲ್ಲರಿಗೂ ಗೊತ್ತಿದ್ದು ಯಾರೂ ಆಡದ ಮಾತನ್ನು ಸಿಕಾರ್ ಆಡಿಬಿಟ್ಟ. ಅಪ್ಪನ ಹೆಣ ಮಾರಿ ಉಂಡವನು ನೀನು ಅಂತ, ಅವನದೇ ಮನೆಯಲ್ಲಿ, ಅವನೇ ಬಡಿಸಿದ ಊಟ ಉಣ್ಣುತ್ತಾ ಹೇಳಿದ ಹಾಗಾಯಿತು. ಈಗಲೂ ಸುಮ್ಮನಿದ್ದರೆ ನಾನು ಗಂಡಸೇ ಅಲ್ಲ ಅಂದುಕೊಂಡ ಕ್ರಾಮ್ನೆಸಿಂಡ್ ದೀಪ ಆರಿಸಿದ. ಕತ್ತಲಲ್ಲಿ ಸಿಕಾರ್‌ನ ತಲೆ ಸೀಳಿದ. ಬಟ್ಟೆ ಬಿಚ್ಚಿ ಹೆಣವನ್ನು ಬೇಲಿಯ ಗೂಟಕ್ಕೆ ನೇತುಹಾಕಿದ. ಅಲ್ಲಿಂದ ನೇರ ಕುದುರೆ ಏರಿ ರಾಜ ಚಿಲ್ಡೆಬರ್ಟ್ ಹತ್ತಿರ ಹೋಗಿ ಕಾಲಿಗೆ ಬಿದ್ದ. ಹೆಣ ಮುಚ್ಚಿಡಲಿಲ್ಲ, ತಪ್ಪಿಸಿಕೊಂಡು ಅಡಗಲಿಲ್ಲ. ಕದ್ದು ಕೊಂದರೆ ಅದು ಬರೀ ಕೊಲೆ. ಎಲ್ಲರಿಗೂ ಕಾಣುವಂತೆ ಕೊಂದರೆ ಅದು ಸೇಡು. ಆ ವ್ಯತ್ಯಾಸ ಅವನಿಗೆ ಚೆನ್ನಾಗಿ ಗೊತ್ತಿತ್ತು.

ಸತ್ತಾಗ ಸಿಕಾರ್‌ಗೆ ಸುಮಾರು 20 ವರ್ಷ. ಅಂದರೆ ಔನೊ ಮನೆಗೆ ನುಗ್ಗಿದ ರಾತ್ರಿ ಅವನಿನ್ನೂ ಮೀಸೆ ಚಿಗುರುತ್ತಿದ್ದ ಹುಡುಗ. ಅವನ ಹೆಂಡತಿ ತ್ರಾಂಕಿಲ್ಲಾ ಮಕ್ಕಳನ್ನೂ ಆಸ್ತಿಯನ್ನೂ ಬಿಟ್ಟು ತವರಿಗೆ ಹೋಗಿ ಮತ್ತೆ ಮದುವೆಯಾದಳು.

ರಾಜರು ಬಲವಾದ ಮೇಲೆ ಸೇಡು ನಿಂತಿತು ಅಂತ ಓದುತ್ತೇವಲ್ಲ, ಅದರಲ್ಲಿ ಸತ್ಯ ಇದೆ. ಆದರೆ ಬಹಳ ನಿಧಾನದ ಸತ್ಯ. ಜರ್ಮನಿಯಲ್ಲಿ ಖಾಸಗಿ ಹಗೆಯನ್ನು ಪೂರ್ತಿ ನಿಷೇಧಿಸಿದ್ದು 1495ರಲ್ಲಿ, ವರ್ಮ್ಸ್ ನಗರದ ಸಭೆಯಲ್ಲಿ. ಸಿಕಾರ್ ಸತ್ತು 900 ವರ್ಷದ ಮೇಲೆ. ನಮ್ಮ ಕಥೆಯಲ್ಲಂತೂ ಅರಮನೆಯೂ ಇದೇ ಆಟ ಆಡಿತು. ರಾಜ ಚಿಲ್ಡೆಬರ್ಟ್‌ನ ತಾಯಿ, ರಾಣಿ ಬ್ರುನ್‌ಹಿಲ್ಡ್ ಕೆಂಡವಾದಳು. ಕೊಲೆ ಆಯಿತು ಅಂತಲ್ಲ, ಸಿಕಾರ್ ತನ್ನ ರಕ್ಷಣೆಯಲ್ಲಿದ್ದವನು ಅಂತ. ಸತ್ತವನ ದೊಡ್ಡ ನೆಂಟಳ ಹಾಗೆ ನಡೆದುಕೊಂಡಳು. ನೆಂಟರ ಸೇಡಿಗಾಗಿ ಕೊಂದೆ ಅಂತ ಕ್ರಾಮ್ನೆಸಿಂಡ್ ಸಾಬೀತು ಮಾಡಿ ಜೀವ ಉಳಿಸಿಕೊಂಡರೂ ಅವನ ಆಸ್ತಿಯನ್ನು ಕಿತ್ತುಕೊಂಡಳು. ಆಮೇಲೆ ಅದೂ ಅವನಿಗೆ ವಾಪಸ್ ಸಿಕ್ಕಿತು.

ಈಗ ಎಣಿಸಿ. ಹೆಸರಿರುವ ಮನೆತನಗಳಲ್ಲಿ ಸತ್ತವರು ನಾಲ್ಕು: ಔನೊ, ಅವನ ಮಗ, ಎಬೆರುಲ್ಫ್, ಸಿಕಾರ್. ಇತಿಹಾಸದ ಪುಸ್ತಕಗಳಲ್ಲಿ ಈ ಕಥೆ ಅಂದರೆ ಈ ನಾಲ್ಕು ಹೆಣದ ಕಥೆ. ಆಳುಗಳಲ್ಲಿ? ಪಾದ್ರಿಯ ಆಳು ಒಬ್ಬ. ಗಾಯಗೊಂಡು ಬಿದ್ದಿದ್ದ ನಾಲ್ವರು. ಪ್ವಾತಿಯೆಯ ಗುಲಾಮ. ಲೆಕ್ಕ ಸಿಗುವವರೇ ಆರು ಜನ. ಔನೊ ಮನೆಯಲ್ಲಿ, ಸಿಕಾರ್ ಮನೆಯಲ್ಲಿ ಸತ್ತ ಆಳುಗಳಿಗೆ ಲೆಕ್ಕವೇ ಇಲ್ಲ. ಒಬ್ಬರಿಗೂ ಹೆಸರಿಲ್ಲ. ಅವರಿಗೂ ಅಪ್ಪ ಅಮ್ಮ, ಅಣ್ಣ ತಮ್ಮ ಇದ್ದರು. ಅವರು ಕತ್ತಿ ಎತ್ತಿದರೆ ಗತಿ ಏನು ಅನ್ನುವುದನ್ನು ಪ್ವಾತಿಯೆಯಲ್ಲಿ ನೋಡಿದೆವು. ದಂಡ ಬಂದರೂ ಅದು ಒಡೆಯನ ಕೈಗೆ ಹೋಗುತ್ತಿತ್ತು, ಸತ್ತವನ ಮನೆಗಲ್ಲ. ಸ್ಯಾಲಿಕ್ ಕಾನೂನು ಗುಲಾಮನ ಕಳ್ಳತನವನ್ನೂ ಕುದುರೆಯ ಕಳ್ಳತನವನ್ನೂ ಒಂದೇ ಸಾಲಿನಲ್ಲಿ ಇಡುತ್ತದೆ. ನಾನು ಇಷ್ಟು ಹೊತ್ತು ಮೆಚ್ಚಿಕೊಂಡ ಜಾಣ ಕಾನೂನು ಇದೇ. ಮೆಚ್ಚುಗೆ ವಾಪಸ್ ತೆಗೆದುಕೊಳ್ಳುವುದಿಲ್ಲ, ಆದರೆ ಈ ಆರು ಜನರನ್ನು ಪಕ್ಕಕ್ಕಿಟ್ಟು ಮೆಚ್ಚಲಾರೆ.

ಮುಂದಿನ ಸಂಚಿಕೆಯಲ್ಲಿ ಐಸ್‌ಲ್ಯಾಂಡ್. 930ರಲ್ಲಿ ಆಲ್‌ಥಿಂಗ್ ಸಭೆ ಕಟ್ಟಿಕೊಂಡು ರಾಜನೇ ಇಲ್ಲದೆ ಬಾಳಿದ ನಾಡು. ಅಲ್ಲೂ ಗುಲಾಮರನ್ನು ಕೊಂದರೆ ಬೆಲೆ ಒಡೆಯನಿಗೆ. ಅಲ್ಲೂ ಇದೇ ಲೆಕ್ಕ ಹಿಡಿದುಕೊಂಡೇ ಹೋಗುತ್ತೇನೆ.