ಕರೆಂಟಿಗಿಂತ ಮೊದಲು ಬಂದ ರೇಡಿಯೊ

ಕೇಳುಗರಿಗೆ ನಮಸ್ಕಾರ.

ಎರಡು ಮಹಾಯುದ್ಧಗಳ ನಡುವಿನ ಅಮೆರಿಕ ಎಂದೊಡನೆ ಜಾಝ್, ಪಾನನಿಷೇಧ, ನ್ಯೂಯಾರ್ಕಿನ ಎತ್ತರದ ಕಟ್ಟಡಗಳು ನೆನಪಾಗುತ್ತವೆ. ಇವತ್ತಿನ ಮಾತು ಅಲ್ಲಿನ ರೈತರ ಮನೆಗಳದ್ದು. ಆ ಮನೆಗಳ ಒಂಟಿತನ ಮುರಿದದ್ದು ರೇಡಿಯೊ. ಅದನ್ನು ಎಷ್ಟು ಹೊತ್ತು ಕೇಳಬೇಕೆಂದು ನಿರ್ಧರಿಸುತ್ತಿದ್ದದ್ದು ಮಾತ್ರ ಬ್ಯಾಟರಿ.

1920ರ ನವೆಂಬರ್ 2ರಂದು ಪಿಟ್ಸ್‌ಬರ್ಗಿನ ಕೆಡಿಕೆಎ ನಿಲಯ ಅಧ್ಯಕ್ಷ ಚುನಾವಣೆಯ ಫಲಿತಾಂಶ ಬಿತ್ತರಿಸಿತು. ಸೆಟ್ಟು ಕೊಳ್ಳಲಾಗದವರು ತಾವೇ ಕಟ್ಟಿಕೊಂಡರು. ಓಟ್ಸ್ ಬರುತ್ತಿದ್ದ ದುಂಡನೆಯ ರಟ್ಟಿನ ಡಬ್ಬಿಗೆ ತಾಮ್ರದ ತಂತಿ ಸುತ್ತುವುದು, ಗೆಲೀನಾ ಎಂಬ ಸೀಸದ ಅದಿರಿನ ಹರಳಿಗೆ ಸಣ್ಣ ತಂತಿಯ ಮೊನೆ ತಾಗಿಸುವುದು, ಹೊರಗೆ ಉದ್ದನೆಯ ಏರಿಯಲ್, ನೆಲಕ್ಕೆ ಅರ್ಥಿಂಗ್, ಕಿವಿಗೆ ಹೆಡ್‌ಫೋನ್. ಬ್ಯಾಟರಿಯೇ ಬೇಡ. ಆದರೆ ಮೇಜು ಅಲುಗಿದರೆ ಮೊನೆ ಸರಿದು ದನಿ ಮಾಯ. ಒಮ್ಮೆಗೆ ಕೇಳುತ್ತಿದ್ದವರೂ ಒಬ್ಬರೋ ಇಬ್ಬರೋ.

ಮನೆಮಂದಿಯೆಲ್ಲ ಕೇಳಲು ವಾಲ್ವ್ ಸೆಟ್, ಅಂದರೆ ದನಿ ಹೆಚ್ಚಿಸುವ ಗಾಜಿನ ಕೊಳವೆಗಳ ರೇಡಿಯೊ ಬೇಕು. ಅದಕ್ಕೆ ಎರಡು ಬಗೆಯ ಬ್ಯಾಟರಿ. ವಾಲ್ವಿನೊಳಗಿನ ಸಣ್ಣ ತಂತಿಯಾದ ಫಿಲಮೆಂಟ್ ಕಾಯಿಸಲು 6 ವೋಲ್ಟಿನ ಆಸಿಡ್ ಬ್ಯಾಟರಿ, ಅದರ ಹೆಸರು 'ಎ'. 45 ವೋಲ್ಟಿನ ಒಣ ಬ್ಯಾಟರಿಗಳನ್ನು ಸಾಲಾಗಿ ಜೋಡಿಸಿದ್ದು 'ಬಿ'. ಕೈತಪ್ಪಿ 'ಬಿ' ತಂತಿಯನ್ನು ಫಿಲಮೆಂಟಿಗೆ ಕೊಟ್ಟರೆ ವಾಲ್ವುಗಳು ತಕ್ಷಣ ಸುಟ್ಟುಹೋಗುತ್ತಿದ್ದವು. 'ಎ' ಇಳಿದರೆ ಪೇಟೆಯ ಗ್ಯಾರೇಜಿಗೆ ಹೊತ್ತು ಚಾರ್ಜ್ ಮಾಡಿಸಬೇಕು, 'ಬಿ' ಮುಗಿದರೆ ಹೊಸದನ್ನೇ ಕೊಳ್ಳಬೇಕು.

ಹಾಗಾಗಿ ಹಿಡಿದು ಹಿಡಿದು ಕೇಳುತ್ತಿದ್ದರು. ದನ, ಹಂದಿ, ಧಾನ್ಯದ ಪೇಟೆ ಧಾರಣೆ ಮತ್ತು ಹವಾಮಾನ ಬಿಡುವಂತಿರಲಿಲ್ಲ. ದಲ್ಲಾಳಿ ಹೇಳಿದ್ದೇ ಬೆಲೆ ಎಂಬ ಕಾಲ ಅಲ್ಲಿಗೆ ಸಡಿಲವಾಯಿತು. ನನ್ನ ದೃಷ್ಟಿಯಲ್ಲಿ ಹಾಡಿಗಿಂತ ದೊಡ್ಡ ಬದಲಾವಣೆ ಇದೇ. ಹಾಡಿಗೆ ಶನಿವಾರ ರಾತ್ರಿಯಿತ್ತು: ಷಿಕಾಗೊದ ಡಬ್ಲ್ಯುಎಲ್‌ಎಸ್ ನಿಲಯ 1924ರಿಂದ ಹಳ್ಳಿಯ ಪಿಟೀಲು, ಬ್ಯಾಂಜೊ ಕೇಳಿಸುತ್ತಿತ್ತು.

1930ರ ಜನಗಣತಿ ರೇಡಿಯೊ ಇದೆಯೇ ಎಂದೂ ಕೇಳಿತು. ನಗರಗಳಲ್ಲಿ ಸುಮಾರು ಅರ್ಧದಷ್ಟು ಕುಟುಂಬಗಳಲ್ಲಿತ್ತು. ರೈತ ಕುಟುಂಬಗಳಲ್ಲಿ ಐದಕ್ಕೊಂದು. 1933ರ ಮಾರ್ಚ್ 12ರ ಭಾನುವಾರ ರಾತ್ರಿ ಅಧ್ಯಕ್ಷ ರೂಸ್ವೆಲ್ಟ್ ಮುಚ್ಚಿದ್ದ ಬ್ಯಾಂಕುಗಳು ಹೇಗೆ ತೆರೆಯುತ್ತವೆ ಎಂದು ರೇಡಿಯೊದಲ್ಲಿ ಸರಳವಾಗಿ ವಿವರಿಸಿದರು. ಮರುದಿನದಿಂದ ಬ್ಯಾಂಕುಗಳು ತೆರೆದಾಗ ಜನ ಮನೆಯಲ್ಲಿ ಬಚ್ಚಿಟ್ಟ ಹಣವನ್ನು ಮತ್ತೆ ತಂದು ಕಟ್ಟಿದರು.

1935ರಲ್ಲಿ ಗ್ರಾಮೀಣ ವಿದ್ಯುದೀಕರಣ ಆಡಳಿತ ಹುಟ್ಟಿದಾಗ ಹತ್ತರಲ್ಲಿ ಸುಮಾರು ಒಂಬತ್ತು ರೈತಮನೆಗಳಿಗೆ ಕರೆಂಟ್ ಇರಲಿಲ್ಲ. ಸಹಕಾರ ಸಂಘಗಳ ಲೈನು ಬಂದ ಮೇಲೂ ಹಳೆಯ ಬ್ಯಾಟರಿ ಸೆಟ್ಟನ್ನು ನೇರವಾಗಿ ಪ್ಲಗ್ಗಿಗೆ ಸಿಕ್ಕಿಸುವಂತಿರಲಿಲ್ಲ. ಇಸ್ತ್ರಿಪೆಟ್ಟಿಗೆಯ ಜೊತೆಗೆ ಹೊಸ ರೇಡಿಯೊ ಕೊಂಡ ಮನೆಗಳೇ ಹೆಚ್ಚು.